ಹಳೇ ಜಪಾನಿ ಸೆಡಾನ್: ಮೊದಲು ತೂಕ ಹಾಕಿಸಿ, ಆಮೇಲೆ ಸ್ಪ್ಯಾನರ್ ಹಿಡಿಯಿರಿ

ಪರಿಚಯದ ಹುಡುಗರಿಬ್ಬರು ಕಳೆದ ಬೇಸಿಗೆಯಲ್ಲಿ ತಮ್ಮ ಹಳೇ ಸೆಡಾನ್‌ನ ತೂಕ ಇಳಿಸಲು ಹೊರಟರು. ಹಿಂದಿನ ಸೀಟು ಕಿತ್ತರು, ಸ್ಟೆಪ್ನಿ ಮನೆಯಲ್ಲಿಟ್ಟರು, ಬಾಗಿಲೊಳಗಿನ ಉಕ್ಕಿನ ಅಡ್ಡಪಟ್ಟಿಯನ್ನೂ ಕೊಯ್ದು ಹಾಕಿದರು. ಅದಾದ ಮೇಲೆ ಚೆಂದಕ್ಕೆಂದು 17 ಇಂಚಿನ ಅಲಾಯ್ ವೀಲ್ ಏರಿಸಿದರು. ಗಾಡಿ ಮೊದಲಿಗಿಂತ ಮಂದವಾಯಿತು. ಬ್ರೇಕ್ ಹಿಡಿದರೆ ಹಿಂಭಾಗ ಹಗುರಾಗಿ ಅಲ್ಲಾಡತೊಡಗಿತು. ಎಷ್ಟು ಕಿಲೋ ಇಳಿಯಿತು ಎಂದು ಕೇಳಿದೆ. ಇಬ್ಬರ ಹತ್ತಿರವೂ ಒಂದೇ ಒಂದು ತೂಕದ ಚೀಟಿ ಇರಲಿಲ್ಲ. ಇಂಥದ್ದನ್ನು ಮೂರ್ನಾಲ್ಕು ಸಲ ಕಂಡ ಮೇಲೆ ಇದನ್ನು ಬರೆಯಲೇಬೇಕು ಅನ್ನಿಸಿತು.

ಎಸ್ಟೀಮ್, ಮೊದಲ ತಲೆಮಾರಿನ ಹೋಂಡಾ ಸಿಟಿ, ಮಿತ್ಸುಬಿಷಿ ಲ್ಯಾನ್ಸರ್ ಇವನ್ನೆಲ್ಲ ಪ್ರೀತಿಯಿಂದ ಇಟ್ಟುಕೊಂಡವರು ನಮ್ಮಲ್ಲಿ ಬೇಕಾದಷ್ಟು ಜನರಿದ್ದಾರೆ. ಈ ಕಾರುಗಳ ಸೊಗಸು ಇರುವುದೇ ಹಗುರದಲ್ಲಿ. ಆ ಹಗುರ ಎಲ್ಲಿಂದ ಬಂತು, ಎಲ್ಲಿ ಹೋಯಿತು ಎಂದು ತಿಳಿಯದೆ ಕೈಹಾಕಿದರೆ ಕಾರು ಕೆಡುತ್ತದೆ.

ಮೊದಲ ಹಂತ: ಲೆಕ್ಕ

ಕಾರಿನ ತೂಕವನ್ನು ಎಂಜಿನ್ನಿನ ಅಶ್ವಶಕ್ತಿಯಿಂದ ಭಾಗಿಸಿ. ಒಂದೊಂದು ಕುದುರೆ ಎಷ್ಟು ಕಿಲೋ ಎಳೆಯಬೇಕು ಅನ್ನುವುದು ಸಿಗುತ್ತದೆ.

1990ರಲ್ಲಿ ಬಂದ ಮಾರುತಿ 1000 ನೆನಪಿರಬಹುದು. ಸುಜುಕಿ ಕಲ್ಟಸ್‌ನ ದೇಹ, 970 ಸಿಸಿ ಎಂಜಿನ್, 46 ಅಶ್ವಶಕ್ತಿ, ಸುಮಾರು 825 ಕಿಲೋ ತೂಕ. ಅಂದರೆ ಕುದುರೆಗೆ ಹತ್ತಿರಹತ್ತಿರ 18 ಕಿಲೋ. 1994ರಲ್ಲಿ ಅದೇ ದೇಹಕ್ಕೆ 1.3 ಲೀಟರ್ ಎಂಜಿನ್ ಕೂರಿಸಿದಾಗ ಎಸ್ಟೀಮ್ ಆಯಿತು: 65 ಅಶ್ವಶಕ್ತಿ, ಸುಮಾರು 875 ಕಿಲೋ, ಕುದುರೆಗೆ ಹದಿಮೂರೂವರೆ. ಈಗ ಎಸ್ಟೀಮ್‌ಗೆ ನಾಲ್ಕು ಜನರನ್ನೂ ಅವರ ಬ್ಯಾಗುಗಳನ್ನೂ ತುಂಬಿ, 280 ಕಿಲೋ ಅಂದುಕೊಳ್ಳಿ. ಲೆಕ್ಕ ಮತ್ತೆ 18ಕ್ಕೆ ಬಂದು ನಿಲ್ಲುತ್ತದೆ. ಮನೆಮಂದಿಯೆಲ್ಲ ಕೂತ ಎಸ್ಟೀಮ್ ಎಂದರೆ ಕುದುರೆ ಲೆಕ್ಕದಲ್ಲಿ ಖಾಲಿ ಮಾರುತಿ 1000. ಘಾಟಿಯಲ್ಲಿ ಮಾರುತಿ 1000 ಏದುಸಿರು ಬಿಡುತ್ತಿದ್ದುದು ಯಾಕೆ ಎಂದು ಇದರಿಂದಲೇ ಗೊತ್ತಾಗುತ್ತದೆ. ನೂರು ಮೀಟರಿಗೆ ಎಂಟು ಮೀಟರ್ ಏರುವ ರಸ್ತೆಯಲ್ಲಿ ಗಂಟೆಗೆ 40 ಕಿಲೋಮೀಟರ್ ವೇಗದಲ್ಲಿ ಹತ್ತಬೇಕಾದರೆ, ಒಂದು ಟನ್ ಕಾರಿಗೆ ಏರುವುದಕ್ಕೇ ಸುಮಾರು 12 ಅಶ್ವಶಕ್ತಿ ಬೇಕು. ಮೇಲೆ ನೂರು ಕಿಲೋ ಹೇರಿದಾಗೆಲ್ಲ ಇನ್ನೂ ಒಂದಕ್ಕಿಂತ ತುಸು ಹೆಚ್ಚು ಅಶ್ವಶಕ್ತಿ ಸೇರುತ್ತದೆ.

ತೂಕ ಕಾಡುವುದು ಚಲಿಸಲು ಶುರುಮಾಡುವಾಗ, ಏರಿನಲ್ಲಿ, ಬ್ರೇಕಿನಲ್ಲಿ, ತಿರುವಿನಲ್ಲಿ. ಸಮತಟ್ಟು ಹೆದ್ದಾರಿಯ ಗರಿಷ್ಠ ವೇಗಕ್ಕೆ ಅಡ್ಡ ನಿಲ್ಲುವುದು ಹೆಚ್ಚಾಗಿ ಗಾಳಿ. ಹಾಗಾಗಿ ‘ತೂಕ ಇಳಿಸಿದೆ, ಟಾಪ್ ಸ್ಪೀಡ್ ಏರಲಿಲ್ಲ’ ಎಂದು ಬೇಸರಪಡುವವರು ತಪ್ಪು ಜಾಗದಲ್ಲಿ ಹುಡುಕುತ್ತಿದ್ದಾರೆ.

ಇದನ್ನು ಜಪಾನಿನ ಕಂಪನಿಗಳು ಚೆನ್ನಾಗಿ ಅರಿತಿದ್ದವು. 1967ರಲ್ಲಿ ಬಂದ ಡಾಟ್ಸನ್ 510, ಅಂದರೆ ಅವರ ಬ್ಲೂಬರ್ಡ್, ಒಂದು ಟನ್ನಿಗೂ ಕಡಿಮೆ ತೂಗುತ್ತಿದ್ದ 1.6 ಲೀಟರ್ ಸೆಡಾನ್. ಅದೇ ಕಾರು 1970ರ ಪೂರ್ವ ಆಫ್ರಿಕಾ ಸಫಾರಿ ರ‍್ಯಾಲಿ ಗೆದ್ದಿತು. 1971 ಮತ್ತು 72ರಲ್ಲಿ ಅಮೆರಿಕದ ಟ್ರಾನ್ಸ್-ಆಮ್ ಕಾರ್ ರೇಸ್ ಸರಣಿಯ 2.5 ಲೀಟರ್ ವಿಭಾಗವನ್ನೂ ಗೆದ್ದಿತು. 1969ರ ನಾಲ್ಕು ಬಾಗಿಲಿನ ಸ್ಕೈಲೈನ್ ಜಿಟಿ-ಆರ್ 160 ಅಶ್ವಶಕ್ತಿಗೆ 1120 ಕಿಲೋ ಇತ್ತು, ಕುದುರೆಗೆ ಬರೀ 7 ಕಿಲೋ.

ನನಗೆ ಇನ್ನೂ ಇಷ್ಟವಾದ ಉದಾಹರಣೆ 1992ರ ಲ್ಯಾನ್ಸರ್ ಎವಲ್ಯೂಷನ್. ಒಂದೇ 250 ಅಶ್ವಶಕ್ತಿಯ ಎಂಜಿನ್, ಎರಡು ಮಾದರಿ. ಸೌಕರ್ಯವಿರುವ ಜಿಎಸ್‌ಆರ್ 1240 ಕಿಲೋ. ಪವರ್ ವಿಂಡೋ, ಎಬಿಎಸ್ (ಬ್ರೇಕ್ ಹಿಡಿದಾಗ ಗಾಲಿ ಕಚ್ಚಿಕೊಳ್ಳದಂತೆ ತಡೆಯುವ ವ್ಯವಸ್ಥೆ) ಥರದ್ದನ್ನು ಬಿಟ್ಟು ಸ್ಪರ್ಧೆಗೆಂದೇ ಮಾಡಿದ ಆರ್‌ಎಸ್ 1170. ಆ 70 ಕಿಲೋವನ್ನು ಜಿಎಸ್‌ಆರ್‌ನಲ್ಲಿ ಎಂಜಿನ್ನಿನಿಂದಲೇ ತುಂಬಿಕೊಳ್ಳಬೇಕಾದರೆ ಇನ್ನೂ 15 ಅಶ್ವಶಕ್ತಿ ಬೇಕಾಗುತ್ತದೆ. ನಮ್ಮ ಹಳೇ ಕಾರಿನ ಎಂಜಿನ್‌ನಿಂದ 15 ಕುದುರೆ ಹೆಚ್ಚಿಗೆ ತೆಗೆಯಲು ಎಷ್ಟು ಖರ್ಚು ಎಂದು ಯಾವ ಟ್ಯೂನರನ್ನಾದರೂ ಕೇಳಿ ನೋಡಿ.

ಎರಡನೇ ಹಂತ: ವೇ ಬ್ರಿಡ್ಜ್

ಎಲ್ಲರೂ ಎಡವುವುದು ಇಲ್ಲೇ, ಆದ್ದರಿಂದ ನಿಧಾನವಾಗಿ ಹೇಳುತ್ತೇನೆ.

ಆರ್‌ಸಿಯಲ್ಲಿರುವ ತೂಕ, ಬ್ರೋಷರಿನ ತೂಕ, ಇಂಟರ್ನೆಟ್ಟಿನಲ್ಲಿ ಸಿಗುವ ತೂಕ ಇವು ಯಾವುದನ್ನೂ ನೆಚ್ಚಬೇಡಿ. ಒಂದರಲ್ಲಿ ಪೆಟ್ರೋಲ್ ಸೇರಿಸಿರುತ್ತಾರೆ, ಇನ್ನೊಂದರಲ್ಲಿ ಇಲ್ಲ. ಇಪ್ಪತ್ತು ವರ್ಷದಲ್ಲಿ ನಿಮ್ಮ ಕಾರಿಗೆ ಏನೇನು ಸೇರಿದೆಯೋ ಅದು ಯಾವ ಕಾಗದದಲ್ಲೂ ಇರುವುದಿಲ್ಲ.

ಹೆದ್ದಾರಿ ಪಕ್ಕ ಲಾರಿ ತೂಗುವ ವೇ ಬ್ರಿಡ್ಜ್‌ಗೆ ಬೆಳಗ್ಗೆ ಬೇಗ, ಲಾರಿ ಸಾಲು ಸೇರುವ ಮೊದಲೇ ಹೋಗಿ. ಎತ್ತರಕ್ಕೆ ಕಟ್ಟಿ ಇಳಿಜಾರು ಕೊಟ್ಟಿರುವ ತಟ್ಟೆ ಬೇಡ. ರಸ್ತೆಯ ಮಟ್ಟಕ್ಕೇ ಸಮನಾಗಿ ಗುಂಡಿಯಲ್ಲಿ ಕೂರಿಸಿದ ತಟ್ಟೆ ಇರುವ ಕಡೆ ಹೋಗಿ. ಯಾಕೆಂದರೆ ನಮಗೆ ಒಟ್ಟು ತೂಕವಷ್ಟೇ ಸಾಲದು, ಮುಂದೆ ಎಷ್ಟು, ಹಿಂದೆ ಎಷ್ಟು ಎಂದೂ ಬೇಕು. ಅರ್ಧ ಕಾರು ತಟ್ಟೆಯ ಮೇಲೆ, ಅರ್ಧ ಹೊರಗೆ ನಿಂತಾಗ ಕಾರು ಓರೆಯಾಗಿದ್ದರೆ ಆ ಅಂಕಿ ಸುಳ್ಳು.

ಹೋಗುವ ಮೊದಲು ಟೈರಿನ ಗಾಳಿ ಸರಿಮಾಡಿ. ಪೆಟ್ರೋಲ್ ಎಷ್ಟಿದೆ ಎಂದು ಬರೆದುಕೊಳ್ಳಿ. ಲೀಟರಿಗೆ ಮುಕ್ಕಾಲು ಕಿಲೋ ಹಿಡಿದರೆ 40 ಲೀಟರಿಗೇ 30 ಕಿಲೋ ವ್ಯತ್ಯಾಸ. ಮುಂದಿನ ಸಲ ತೂಗುವಾಗಲೂ ಮುಳ್ಳು ಅದೇ ಜಾಗದಲ್ಲಿರಬೇಕು.

ತಟ್ಟೆಯ ಮೇಲಿನ ಮಣ್ಣು, ಜಲ್ಲಿ ಗುಡಿಸಲು ಹೇಳಿ, ಪರದೆ ಸೊನ್ನೆಗೆ ಬಂದಿದೆಯೇ ನೋಡಿ. ಮುಂದಿನ ಗಾಲಿಗಳನ್ನು ಮಾತ್ರ ತಟ್ಟೆಗೆ ತನ್ನಿ. ಎಂಜಿನ್ ಆಫ್ ಮಾಡಿ, ಗೇರ್ ನ್ಯೂಟ್ರಲ್‌ಗೆ ತಂದು, ಹೊರಗಿರುವ ಗಾಲಿಗೆ ಕಲ್ಲು ಕೊಟ್ಟು ಹ್ಯಾಂಡ್‌ಬ್ರೇಕ್ ಬಿಡಿ. ಎಷ್ಟು ಹೇಳಿದರೂ ಜನ ಮರೆಯುವುದು ಈ ಹ್ಯಾಂಡ್‌ಬ್ರೇಕನ್ನೇ. ಬಿಗಿದಿದ್ದರೆ ಸಸ್ಪೆನ್ಷನ್ ಎಳೆದುಕೊಂಡೇ ನಿಂತಿರುತ್ತದೆ. ನೀವು ಕೆಳಗಿಳಿದು, ಬಾನೆಟ್ಟಿನ ಅಂಚನ್ನು ಎರಡು ಸಲ ಒತ್ತಿ ಬಿಡಿ, ಕಾರು ತೂಗಾಡಿ ತನ್ನ ಮಟ್ಟಕ್ಕೆ ಕೂರಲಿ. ಪರದೆಯ ಅಂಕಿ ಕುಣಿಯುವುದು ನಿಂತ ಮೇಲೆ ಚೀಟಿ ತೆಗೆಸಿ. ನಂತರ ಇಡೀ ಕಾರು. ನಂತರ ಹಿಂದಿನ ಗಾಲಿಗಳು ಮಾತ್ರ. ಮುಂದಿನದ್ದು ಮತ್ತು ಹಿಂದಿನದ್ದು ಕೂಡಿದರೆ ಒಟ್ಟಿಗೆ ಹೊಂದಬೇಕು. ಲಾರಿ ತೂಗುವ ಈ ಯಂತ್ರಗಳು ಸಾಮಾನ್ಯವಾಗಿ ಐದು ಅಥವಾ ಹತ್ತು ಕಿಲೋ ಲೆಕ್ಕದಲ್ಲಿ ಓದುತ್ತವೆ, ಅಷ್ಟು ಹೆಚ್ಚುಕಮ್ಮಿ ಪರವಾಗಿಲ್ಲ. 30 ಕಿಲೋ ತಪ್ಪಿದರೆ ಮತ್ತೆ ಮೊದಲಿಂದ ತೂಗಿ. ಕೊನೆಗೆ ಎಡಗಡೆಯ ಎರಡು ಗಾಲಿ ಮಾತ್ರ ತಟ್ಟೆಯ ಮೇಲಿಟ್ಟು ಒಂದು ಚೀಟಿ ತೆಗೆಸಿದರೆ ಎಡ-ಬಲವೂ ಗೊತ್ತಾಗುತ್ತದೆ.

ನನ್ನ ಲ್ಯಾನ್ಸರ್‌ಗೆ ಬಂದದ್ದು ಮುಂದೆ 660, ಹಿಂದೆ 420. ನೂರಕ್ಕೆ 61 ಪಾಲು ಮೂತಿಯ ಮೇಲೆ. ಮುಂಗಾಲಿ ಎಳೆಯುವ ಕಾರಿಗೆ ಇದು ಸಹಜವೇ. ಎಳೆಯುವುದೂ ತಿರುಗಿಸುವುದೂ ಬಹುಪಾಲು ಬ್ರೇಕ್ ಹಿಡಿಯುವುದೂ ಆ ಎರಡೇ ಟೈರು. ಟೈರಿನ ಮೇಲೆ ಭಾರ ಹೆಚ್ಚಿದಷ್ಟೂ ಹಿಡಿತ ಅದೇ ಪ್ರಮಾಣದಲ್ಲಿ ಹೆಚ್ಚುವುದಿಲ್ಲ. ಮೂತಿ ಭಾರವಾದ ಕಾರು ತಿರುವಿನಲ್ಲಿ ನೇರಕ್ಕೆ ಓಡಲು ನೋಡುವುದು ಇದೇ ಕಾರಣಕ್ಕೆ. 1964ರಲ್ಲಿ ಪ್ರಿನ್ಸ್ ಕಂಪನಿ ಸ್ಕೈಲೈನ್‌ನ ಮೂತಿಯನ್ನು 200 ಮಿಲಿಮೀಟರ್ ಉದ್ದ ಮಾಡಿ ಆರು ಸಿಲಿಂಡರ್ ಎಂಜಿನ್ ತುರುಕಿತು. ಸುಜುಕಾದ ಜಪಾನ್ ಗ್ರ್ಯಾನ್ ಪ್ರಿಯಲ್ಲಿ ಅದು ಪೋರ್ಷೆ 904ರ ಹಿಂದೆ ಎರಡನೇ ಸ್ಥಾನ ಪಡೆದು ಹೆಸರು ಮಾಡಿತು. ಆದರೆ ಆ ಉದ್ದ ಮೂತಿಯ ಭಾರವನ್ನು ಪ್ರತಿ ತಿರುವಿನಲ್ಲೂ ಚಾಲಕ ಸಂಭಾಳಿಸಲೇಬೇಕಿತ್ತು.

ಮೂರನೇ ಹಂತ: ಅಕ್ಕಿ ಮೂಟೆ

ಏನನ್ನಾದರೂ ಕೀಳುವ ಮೊದಲು ಸೇರಿಸಿ ನೋಡಿ. 25 ಕಿಲೋ ಅಕ್ಕಿ ಮೂಟೆ ಎರಡು ತನ್ನಿ. ಖಾಲಿ, ನೇರ, ಸಮತಟ್ಟಾದ ರಸ್ತೆ ಹುಡುಕಿ. ಮೂರನೇ ಗೇರಿನಲ್ಲಿ 40ರಿಂದ 80ಕ್ಕೆ ಎಷ್ಟು ಸೆಕೆಂಡ್ ಎಂದು ನೋಡಿ. ಹೋಗುವಾಗ ಮೂರು ಸಲ, ಬರುವಾಗ ಮೂರು ಸಲ. ಕೈಯಲ್ಲಿ ಸ್ಟಾಪ್‌ವಾಚ್ ಒತ್ತಬೇಡಿ. ಪಕ್ಕದಲ್ಲಿ ಕೂತವರು ಸ್ಪೀಡೋಮೀಟರನ್ನು ಫೋನಿನಲ್ಲಿ ವಿಡಿಯೋ ಮಾಡಲಿ, ಮನೆಗೆ ಬಂದು ಎಣಿಸಿ. ನಂತರ ಎರಡೂ ಮೂಟೆಯನ್ನು ಹಿಂದಿನ ಸೀಟಿನ ಕಾಲಡಿಗೆ ಒತ್ತಾಗಿ ಕೂರಿಸಿ ಮತ್ತೆ ಓಡಿಸಿ. ಎಂಟು ಸೆಕೆಂಡಿನ ಓಟದಲ್ಲಿ ಐವತ್ತು ಕಿಲೋ ಮಾಡುವ ವ್ಯತ್ಯಾಸ ಸುಮಾರು ಮೂರನೇ ಒಂದು ಸೆಕೆಂಡ್. ನೀವು ಐವತ್ತು ಕಿಲೋ ಇಳಿಸಿದರೆ ಸಿಗುವುದೂ ಅಷ್ಟೇ. ಅದು ಸಾಲದು ಅನ್ನಿಸಿದರೆ ಇಲ್ಲಿಗೇ ನಿಲ್ಲಿಸಿ, ಒಳ್ಳೆಯ ಟೈರು ಹಾಕಿಸಿಕೊಳ್ಳಿ.

ಈಗ ಮೂಟೆಗಳನ್ನು ಡಿಕ್ಕಿಯ ಹಿಂತುದಿಗೆ ಸರಿಸಿ, ಹಗ್ಗದಿಂದ ಬಿಗಿಯಾಗಿ ಕಟ್ಟಿ. ಹಿಂದಿನ ಗಾಲಿಯಿಂದ 80 ಸೆಂಟಿಮೀಟರ್ ಹಿಂದೆ ಐವತ್ತು ಕಿಲೋ ಇಟ್ಟರೆ, ಗಾಲಿಗಳ ನಡುವೆ ಎರಡೂವರೆ ಮೀಟರ್ ಇರುವ ಲ್ಯಾನ್ಸರ್‌ನಲ್ಲಿ ಹಿಂದೆ 66 ಕಿಲೋ ಏರುತ್ತದೆ, ಮುಂದೆ 16 ಕಿಲೋ ಇಳಿಯುತ್ತದೆ. ತಕ್ಕಡಿಯ ದಂಡಿನ ಹಾಗೆ. ಸ್ಟಿಯರಿಂಗ್ ಹಗುರಾದದ್ದು ಕೈಗೆ ತಿಳಿಯುತ್ತದೆ. ಒದ್ದೆ ಏರಿನಲ್ಲಿ ಮುಂಗಾಲಿ ಸುತ್ತುವುದೂ ಇದರಿಂದಲೇ. ಕಿಲೋ ಎಷ್ಟು ಎಂಬುದಕ್ಕಿಂತ ಎಲ್ಲಿ ಕೂತಿದೆ ಎಂಬುದೇ ಮುಖ್ಯ ಎಂದು ಈ ಪರೀಕ್ಷೆ ಕಲಿಸಿದ ಹಾಗೆ ಬೇರಾವುದೂ ಕಲಿಸುವುದಿಲ್ಲ.

ನಾಲ್ಕನೇ ಹಂತ: ತೆಗೆಯುವುದು

ಡಿಕ್ಕಿ ಖಾಲಿ ಮಾಡಿ. ಸಬ್‌ವೂಫರ್ ಪೆಟ್ಟಿಗೆ ಹೊರಗಿಡಿ. ಮುಂದಿನ ಕ್ರ್ಯಾಶ್ ಗಾರ್ಡ್ ಬಿಚ್ಚಿ. ಮೂತಿಯ ತುದಿಯಲ್ಲಿ ಕೂತ ಕಬ್ಬಿಣ ಅದು, ಸಾಲದ್ದಕ್ಕೆ 2017ರಿಂದ ಅದರ ವಿರುದ್ಧ ಕೇಂದ್ರ ಸಾರಿಗೆ ಸಚಿವಾಲಯದ ಆದೇಶವೂ ಇದೆ.

ಆಮೇಲೆ ಕಾರ್ಪೆಟ್ ಎತ್ತಿ ನೋಡಿ. ಹಳೇ ಸೆಡಾನ್‌ಗಳಲ್ಲಿ ವೈಪರ್ ಕೆಳಗಿನ ನೀರುದಾರಿಗೆ ಎಲೆ ಕಟ್ಟಿಕೊಂಡು ಮಳೆನೀರು ಒಳಕ್ಕೆ ಇಳಿಯುತ್ತದೆ. ಮೇಲೆ ಒಣಗಿದಂತೆ ಕಂಡರೂ ಕೆಳಗಿನ ದಪ್ಪ ನಾರಿನ ಹಾಸು ಸ್ಪಂಜಿನಂತೆ ಹೀರಿಕೊಂಡಿರುತ್ತದೆ. ನನ್ನ ಕಾರಿನದ್ದನ್ನು ಮಡಚಿ ತಕ್ಕಡಿಗೆ ಹಾಕಿದಾಗ 11 ಕಿಲೋ ಇತ್ತು. ನಾಲ್ಕು ದಿನ ತಾರಸಿಯ ಬಿಸಿಲಿಗೆ ಹಾಕಿದ ಮೇಲೆ 4 ಕಿಲೋ. ಅದನ್ನು ಎತ್ತಿದ ಜಾಗದಲ್ಲಿ ನೆಲದ ತಗಡು ಕಂದುಗಟ್ಟಿ, ಬೆರಳಿಟ್ಟರೆ ಪುಡಿ ಉದುರುತ್ತಿತ್ತು. ಏಳು ಕಿಲೋ ನೀರಿಗಿಂತ ಆ ತುಕ್ಕನ್ನು ಸಮಯಕ್ಕೆ ಕಂಡದ್ದೇ ನನಗೆ ದೊಡ್ಡ ಲಾಭ.

ಸದ್ದು ತಡೆಯಲು ನೆಲಕ್ಕೆ ಅಂಟಿಸಿರುವ ಡಾಂಬರು ಹಾಳೆಯನ್ನು ಒಣ ಮಂಜುಗಡ್ಡೆಯಿಂದ (ಡ್ರೈ ಐಸ್, ಅಂದರೆ ಗಟ್ಟಿ ಮಾಡಿದ ಇಂಗಾಲದ ಡೈಆಕ್ಸೈಡ್) ಪೆಡಸು ಮಾಡಿ, ಸುತ್ತಿಗೆಯಿಂದ ತಟ್ಟಿ ತೆಗೆಯುವ ವಿಧಾನ ರೇಸ್ ಕಾರಿನವರಲ್ಲಿದೆ. ರಸ್ತೆ ಕಾರಿಗೆ ಬೇಡ. ಸದ್ದಿನಲ್ಲಿ ದೂರದ ಊರಿಗೆ ಹೋಗಿಬಂದ ಮೇಲೆ ಕಾರೇ ಬೇಡವಾಗುತ್ತದೆ. ಬಾಗಿಲು ಮುಚ್ಚಿಕೊಂಡು ಆ ಮಂಜುಗಡ್ಡೆ ಬಳಸಿದರೆ ಉಸಿರುಗಟ್ಟುವ ಅಪಾಯವೂ ಇದೆ.

ಕೈ ಹಾಕಬಾರದವು: ಬಾಗಿಲ ಅಡ್ಡಪಟ್ಟಿ, ಸೀಟ್ ಬೆಲ್ಟ್, ಹೆಡ್‌ರೆಸ್ಟ್, ತಿರುವಿನಲ್ಲಿ ಕಾರು ವಾಲುವುದನ್ನು ತಡೆಯುವ ಆ್ಯಂಟಿ-ರೋಲ್ ಬಾರ್, ಸೈಲೆನ್ಸರ್ ಮೇಲಿನ ಶಾಖತಡೆ ತಗಡು. ಮಿತ್ಸುಬಿಷಿ ಆರ್‌ಎಸ್‌ನಿಂದ ಎಬಿಎಸ್ ಬಿಟ್ಟಿತು ಎಂದು ನೀವು ನಿಮ್ಮ ಕಾರಿನದ್ದನ್ನು ಬಿಚ್ಚಬೇಡಿ, ಅದು ಸ್ಪರ್ಧೆಗೆ ಹೋಗುವ ಕಾರು. ಸ್ಟೆಪ್ನಿ ಇರಲಿ. ಎಸಿ ಇರಲಿ. ನೋಂದಣಿಯಾದ ವಾಹನವನ್ನು ಮನಬಂದಂತೆ ಬದಲಿಸಲು ಮೋಟಾರು ವಾಹನ ಕಾಯ್ದೆಯ 52ನೇ ಕಲಂ ಬಿಡುವುದಿಲ್ಲ ಎಂಬುದೂ ನೆನಪಿರಲಿ.

‘ಕಾರ್ಬನ್’ ಬಾನೆಟ್ ಎಂದು ಮಾರುವುದರಲ್ಲಿ ಎಷ್ಟೋ ಮಾಲು ಫೈಬರ್ ಗ್ಲಾಸಿನ ಮೇಲೆ ಕಾರ್ಬನ್ ಬಟ್ಟೆಯ ಒಂದು ಪದರ ಅಂಟಿಸಿದ್ದು. ತಕ್ಕಡಿಗೆ ಹಾಕದೆ ದುಡ್ಡು ಕೊಡಬೇಡಿ. ಒಮ್ಮೆ ಅಂಗಡಿಯಲ್ಲೇ ತೂಗಿಸಿದಾಗ ಅದು ಕಂಪನಿಯ ತಗಡಿನ ಬಾನೆಟ್ಟಿಗಿಂತ ಭಾರ ಬಂತು. ಎತ್ತರದಲ್ಲಿರುವ ಕಿಲೋ ಇಳಿದರೆ ಅದಕ್ಕೆ ಬೆಲೆ ಹೆಚ್ಚು. 2004ರ ಎವಲ್ಯೂಷನ್ 8 ಎಂಆರ್‌ಗೆ ಮಿತ್ಸುಬಿಷಿ ಅಲ್ಯುಮಿನಿಯಂ ಛಾವಣಿ ಕೊಟ್ಟು ನೆತ್ತಿಯಿಂದ ಸುಮಾರು ನಾಲ್ಕೇ ಕಿಲೋ ಇಳಿಸಿತು, ಕಾರು ತಿರುವಿನಲ್ಲಿ ವಾಲುವುದು ಕಡಿಮೆಯಾಗಲೆಂದು. ನಮ್ಮವರು ಖಾಲಿ ಲಗೇಜ್ ಕ್ಯಾರಿಯರನ್ನು ವರ್ಷವಿಡೀ ನೆತ್ತಿಯ ಮೇಲೆ ಹೊತ್ತು ತಿರುಗುತ್ತಾರೆ. ಊರಿಂದ ಬಂದ ದಿನವೇ ಬಿಚ್ಚಿಡಿ.

ಐದನೇ ಹಂತ: ಗಾಲಿ

ಸುತ್ತುವ ತೂಕ ಬೇರೆ ಲೆಕ್ಕ. ಟೈರಿನ ಹೊರ ಅಂಚಿನಲ್ಲಿರುವ ಒಂದು ಕಿಲೋವನ್ನು ಎಂಜಿನ್ ಮುಂದಕ್ಕೂ ತಳ್ಳಬೇಕು, ಸುತ್ತಿಸಲೂ ಬೇಕು. ಹೊರಡುವಾಗ ಅದು ಎರಡು ಕಿಲೋದಷ್ಟು ಭಾರ. ಗುಂಡಿಯಲ್ಲಿ ಬಿದ್ದಾಗ ಆ ಭಾರದ ಗಾಲಿಯನ್ನು ಶಾಕ್ ಅಬ್ಸಾರ್ಬರ್ ಅಂಕೆಯಲ್ಲಿಡಬೇಕು. ಆ ಹುಡುಗರ ಕಾರು ಮಂದವಾದದ್ದು ಇದರಿಂದಲೇ: ಡಿಕ್ಕಿಯಲ್ಲಿ ಉಳಿಸಿದ್ದನ್ನು ಗಾಲಿಯಲ್ಲಿ ಬಡ್ಡಿ ಸಮೇತ ಕಟ್ಟಿದರು. ಟೈರ್ ಸಮೇತ ಹಳೇ ಗಾಲಿಯನ್ನೂ ಹೊಸದನ್ನೂ ಬಾತ್‌ರೂಮ್ ತಕ್ಕಡಿಯಲ್ಲಿ ತೂಗಿ, ಹಗುರವಾದದ್ದನ್ನೇ ಹಾಕಿ. ಅಗ್ಗದ ಎರಕದ ಅಲಾಯ್ ಎಷ್ಟೋ ಸಲ ಕಂಪನಿಯ ಕಬ್ಬಿಣದ ಡಿಸ್ಕಿಗಿಂತ ಭಾರ ಇರುತ್ತದೆ. ನನ್ನ ಮಾತು ಕೇಳುವುದಾದರೆ ಕಂಪನಿ ಕೊಟ್ಟ ಅಳತೆಯನ್ನು ಬಿಟ್ಟು ಮೇಲೆ ಹೋಗಲೇಬೇಡಿ.

ಕೊನೆಗೆ ಅದೇ ವೇ ಬ್ರಿಡ್ಜ್, ಅದೇ ಪೆಟ್ರೋಲ್ ಮಟ್ಟ, ಅದೇ ನಾಲ್ಕು ಚೀಟಿ, ಅದೇ ರಸ್ತೆಯಲ್ಲಿ ಅದೇ ಮೂರನೇ ಗೇರು. ತೆಗೆದ ಪ್ರತಿ ವಸ್ತುವನ್ನೂ ತೂಗಿ, ಹೆಸರು ಮತ್ತು ಕಿಲೋ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ. ಚೀಟಿಗಳನ್ನು ಅದಕ್ಕೇ ಅಂಟಿಸಿ. ವೇ ಬ್ರಿಡ್ಜ್ ಚೀಟಿಯ ಅಕ್ಷರ ಕೆಲವೇ ತಿಂಗಳಲ್ಲಿ ಮಾಸುತ್ತದೆ, ಆದ್ದರಿಂದ ಅಂಟಿಸಿದ ದಿನವೇ ಅಂಕಿಗಳನ್ನು ಪೆನ್ನಿನಲ್ಲಿ ಪಕ್ಕದಲ್ಲಿ ಬರೆದುಕೊಳ್ಳಿ.