ಇನ್ನೂ ಬಾರದ ಗುಮಾಸ್ತನ ಚಿತ್ರ

ನನ್ನ ಕಿರುಚಿತ್ರದ ಕತೆ ಇಷ್ಟೇ: ಕಚೇರಿಯ ಹಾಜರಾತಿ ಯಂತ್ರ ಒಬ್ಬ ಗುಮಾಸ್ತನ ಹೆಬ್ಬೆರಳನ್ನು ಗುರುತಿಸುವುದಿಲ್ಲ, ಹಾಗಾಗಿ ಅವನು ಬಂದೇ ಇಲ್ಲವೆಂದು ಎಲ್ಲರೂ ಒಪ್ಪಿಕೊಳ್ಳುತ್ತಾರೆ. ಕೊನೆಗೆ ಅವನೂ ಅವರ ಜೊತೆ ಕುಳಿತು ತನ್ನ ದಾರಿ ಕಾಯುತ್ತಾನೆ.

ಇಂಥ ಅಸಂಗತ ಚಿತ್ರದಲ್ಲಿ, ಅಂದರೆ ತರ್ಕಕ್ಕೆ ಸಿಗದ ಕತೆಯಲ್ಲಿ, ಏನು ಬೇಕಾದರೂ ನಡೆಯುತ್ತದೆ ಎಂದು ನಾನು ನಂಬುವುದಿಲ್ಲ. ನಡೆಯಲಾಗದ ಸಂಗತಿ ಒಂದೇ ಇರಬೇಕು, ಮಿಕ್ಕದ್ದೆಲ್ಲ ಲೋಕರೂಢಿಯಂತೆ ಸಾಗಬೇಕು. ಇದನ್ನು ನಾನು ಕಲಿತದ್ದು ಚಿತ್ರ ನಿರ್ದೇಶಕ ರೋಮನ್ ಪೊಲಾನ್ಸ್ಕಿ ಪೋಲೆಂಡಿನಲ್ಲಿ ಸಿನಿಮಾ ವಿದ್ಯಾರ್ಥಿಯಾಗಿದ್ದಾಗ, 1958ರಲ್ಲಿ, ಮಾಡಿದ ಮಾತಿಲ್ಲದ ಕಿರುಚಿತ್ರದಿಂದ. ಇಬ್ಬರು ಗಂಡಸರು ಕನ್ನಡಿಯಿರುವ ಬೀರುವೊಂದನ್ನು ಹೊತ್ತು ಕಡಲಿನಿಂದ ಎದ್ದು ಬರುತ್ತಾರೆ. ಆಮೇಲೆ ವಿಚಿತ್ರವೇನೂ ಇಲ್ಲ: ಬೀರು ಹಿಡಿದವರಿಗೆ ಟ್ರಾಮಿನಲ್ಲಿ ಜಾಗವಿಲ್ಲ, ಹೋಟೆಲಿನಲ್ಲೂ ಇಲ್ಲ. ಆ ಬೀರುವಿನ ಭಾರ ನಿಜವಾದದ್ದರಿಂದಲೇ ಅವರ ಪರಕೀಯತೆ ನಮ್ಮನ್ನು ತಟ್ಟುತ್ತದೆ.

ನಟರ ಮುಂದೆ ನಾನು ‘ಅಸಂಗತ’ ಎಂಬ ಮಾತನ್ನೇ ಎತ್ತಲಿಲ್ಲ. ಎತ್ತಿದರೆ ಕಣ್ಣರಳಿಸಿ, ದನಿ ಬದಲಿಸಿ ಆಡತೊಡಗುತ್ತಾರೆ. ಮೇಲ್ವಿಚಾರಕನ ಪಾತ್ರದವರಿಗೆ ರಜೆ ಪುಸ್ತಕ ಕೊಟ್ಟು, ಲೆಕ್ಕ ತಾಳೆ ನೋಡುತ್ತಲೇ ಮಾತನಾಡಿ ಎಂದೆ. ತಾಲೀಮಿನಲ್ಲಿ ಅವರು ಒಮ್ಮೆ ಗದರಿದರು. ದೃಶ್ಯ ದರ್ಪದ ಅಧಿಕಾರಿಯ ಕತೆಯಾಯಿತು. ಇನ್ನೊಮ್ಮೆ ಚಹಾ ಲೋಟವನ್ನು ಗುಮಾಸ್ತನತ್ತ ಸರಿಸಿ, ಅಕ್ಕರೆಯಿಂದ ಹೇಳಿದರು: “ನೀವು ಇನ್ನೂ ಬಂದಿಲ್ಲವಲ್ಲ ಸರ್, ಬಂದ ಮೇಲೆ ಮಾತನಾಡೋಣ.” ಜಗಳವಾಡಲು ಒಬ್ಬ ವೈರಿಯೂ ಸಿಗದ ಮನುಷ್ಯನ ಮುಖ ಆಗ ನನಗೆ ಕಂಡಿತು. ಅದನ್ನೇ ಉಳಿಸಿಕೊಂಡೆ.

ಕ್ಯಾಮೆರಾವನ್ನು ಸ್ಟ್ಯಾಂಡಿನಿಂದ ಕದಲಿಸಲಿಲ್ಲ. ಕ್ಲೋಸಪ್ ಕೂಡ ಇಲ್ಲ. ಹತ್ತಿರ ಹೋದರೆ ಕ್ಯಾಮೆರಾವೇ ಅವನಿಗೆ ಗೆಳೆಯನಾಗಿಬಿಡುತ್ತದೆ.

ಹೆಚ್ಚು ಹೊತ್ತು ಕುಳಿತದ್ದು ಶಬ್ದದ ಮೇಲೆ. ಚಿತ್ರೀಕರಣ ಮುಗಿದ ಮೇಲೆ ಎಲ್ಲರನ್ನೂ ಸುಮ್ಮನಿರಿಸಿ, ಖಾಲಿ ಕೋಣೆಯ ಸದ್ದನ್ನು ಬೇರೆಯಾಗಿ ದಾಖಲಿಸಿಕೊಂಡೆವು: ಫ್ಯಾನಿನ ಗೊರಗೊರ, ದೂರದ ವಾಹನಗಳು. ಪಾತ್ರಗಳ ಹೆಜ್ಜೆ, ಕುರ್ಚಿ, ಲೋಟದ ಸದ್ದುಗಳನ್ನು ಸ್ಟುಡಿಯೋದಲ್ಲಿ ಒಂದೊಂದಾಗಿ ಸೇರಿಸಿದೆವು. ಮೊದಲ ದೃಶ್ಯದಲ್ಲಿ ಗುಮಾಸ್ತನ ಚಪ್ಪಲಿಯೂ ಸದ್ದು ಮಾಡುತ್ತದೆ. ಯಂತ್ರ ಅವನನ್ನು ತಿರಸ್ಕರಿಸಿದ ಮೇಲೆ ದೃಶ್ಯದಿಂದ ದೃಶ್ಯಕ್ಕೆ ಅವನ ಸದ್ದನ್ನಷ್ಟೇ ತಗ್ಗಿಸುತ್ತಾ ಹೋದೆವು. ನೋಡಿದವರಲ್ಲಿ ಹಲವರಿಗೆ ಕಾರಣ ಹೊಳೆಯಲಿಲ್ಲ, ಆದರೆ ಕಸಿವಿಸಿಯಾಯಿತು ಎಂದರು. ಸಂಗೀತವನ್ನು ಹಾಕಲೇ ಇಲ್ಲ.

ಚಿತ್ರಕತೆಯಲ್ಲಿ ಯಂತ್ರ ರಿಪೇರಿಯವನು ಬರುವ ದೃಶ್ಯವೊಂದಿತ್ತು, ಚೆನ್ನಾಗಿಯೂ ಮೂಡಿತ್ತು. ಸಂಕಲನದಲ್ಲಿ ತೆಗೆದುಹಾಕಿದೆ. ರಿಪೇರಿಯಾಗಬಲ್ಲದ್ದು ಎಂದು ತೋರಿಸಿಬಿಟ್ಟರೆ ಕೆಟ್ಟದ್ದು ಯಂತ್ರ ಮಾತ್ರ ಎಂದಾಗುತ್ತಿತ್ತು. ಚಹಾ ಕೊಟ್ಟ ಆ ಒಳ್ಳೆಯ ಜನರೆಲ್ಲ ನಿರಾಳವಾಗಿ ಪಾರಾಗಿಬಿಡುತ್ತಿದ್ದರು.