ಹಿರೇಬೆಣಕಲ್ ಶಿಲಾಸಮಾಧಿಗಳ ಸಾಕ್ಷ್ಯಚಿತ್ರ ತಯಾರಿ

ಗಂಗಾವತಿ ಬಳಿಯ ಹಿರೇಬೆಣಕಲ್ ಬೆಟ್ಟದ ಮೇಲಿರುವ ಬೃಹತ್ ಶಿಲಾ ಸಂಸ್ಕೃತಿಯ (ಸತ್ತವರಿಗಾಗಿ ದೊಡ್ಡ ಕಲ್ಲುಚಪ್ಪಡಿಗಳನ್ನು ನಿಲ್ಲಿಸುತ್ತಿದ್ದ ಪ್ರಾಚೀನ ಕಾಲದ) ಸಮಾಧಿಗಳನ್ನು ಚಿತ್ರೀಕರಿಸಬೇಕೆಂದಿದ್ದರೆ, ಕ್ಯಾಮೆರಾ ಹೊರುವ ಮೊದಲು ಪುರಾತತ್ವ ಸರ್ವೇಕ್ಷಣಾ ಇಲಾಖೆಯಲ್ಲಿ ಅನುಮತಿಯ ವಿಷಯ ಇತ್ಯರ್ಥಪಡಿಸಿಕೊಳ್ಳಿ. ಡ್ರೋನ್ ಹಾರಿಸುವುದಾದರೆ ಅದಕ್ಕೆ ಪ್ರತ್ಯೇಕ ಒಪ್ಪಿಗೆ ಬೇಕಾಗುತ್ತದೆ. ಮೇಲಕ್ಕೆ ರಸ್ತೆಯಿಲ್ಲ, ಬಂಡೆಗಳ ನಡುವಿನ ಕಾಲುದಾರಿಯೇ ಗತಿ. ಆದ್ದರಿಂದ ಹಗುರವಾದ ಟ್ರೈಪಾಡ್ ಮತ್ತು ಸಾಕಷ್ಟು ನೀರು ಜೊತೆಗಿರಲಿ.

ನಿಜವಾದ ಕೆಲಸವೆಲ್ಲ ಬೆಳಕಿನದು. ನೆತ್ತಿಯ ಮೇಲಿನ ಬಿಸಿಲಿನಲ್ಲಿ ಚಪ್ಪಡಿಗಳು ಸಪಾಟಾಗಿ ಕಾಣುತ್ತವೆ. ಬೆಳಗಿನ ಓರೆಬಿಸಿಲು ಬಿದ್ದಾಗ ಮಾತ್ರ ಕಲ್ಲಿನಲ್ಲಿ ಕೊರೆದ ದುಂಡು ಕಿಂಡಿಯ ಅಂಚು, ಅದರೊಳಗಿನ ಕತ್ತಲು, ಚಪ್ಪಡಿಯ ದಪ್ಪ ಎದ್ದು ಕಾಣುತ್ತವೆ. ಒಂದೇ ಕಿಂಡಿಯ ಮುಂದೆ ಅರ್ಧ ಗಂಟೆ ಕುಳಿತು ನೆರಳು ಸರಿಯುವುದನ್ನು ಸೆರೆಹಿಡಿಯಿರಿ. ಅಳತೆ ತಿಳಿಯಲು ಪಕ್ಕದಲ್ಲೊಬ್ಬರು ನಿಲ್ಲಲಿ, ಆದರೆ ಕಲ್ಲಿಗೆ ಒರಗುವುದು ಬೇಡ. ಎತ್ತರದ ಬಂಡೆಯ ಮೇಲೆ ಕೂತಿರುವ ನಗಾರಿಗಲ್ಲಿನ (ಬಡಿದರೆ ನಗಾರಿಯಂತೆ ಮೊಳಗುವ ಕಲ್ಲಿನ) ನಾದಕ್ಕೆ ಒಳ್ಳೆಯ ಮೈಕ್ ಒಯ್ಯಿರಿ, ಏಕೆಂದರೆ ಬೆಟ್ಟದ ಗಾಳಿ ಸಾಮಾನ್ಯ ಮೈಕನ್ನು ಲೆಕ್ಕಕ್ಕಿಡುವುದಿಲ್ಲ.

ಈ ಸಮಾಧಿಗಳು ಗಿಡ್ಡ ಮೋರ್ಯರ, ಅಂದರೆ ದಂತಕಥೆಯ ಕುಳ್ಳ ಜನರ, ಮನೆಗಳೆಂಬ ಸ್ಥಳೀಯರ ಕಥೆಯನ್ನು ಅವರ ಬಾಯಲ್ಲೇ ದಾಖಲಿಸಿ. ಅದನ್ನು ನಿರೂಪಕರ ಮಾತಿಗೆ ಬೆರೆಸಿದರೆ ನಂಬಿಕೆ ಯಾವುದು, ಪುರಾವೆ ಯಾವುದು ಎಂಬುದು ನೋಡುಗರಿಗೆ ತಿಳಿಯುವುದಿಲ್ಲ.