ಪೆನ್‌ಡ್ರೈವ್‌ನಲ್ಲೇ ಟರ್ಬೊ ಸಿ: ನನ್ನ ಅನುಭವ

ಧಾರವಾಡದ ಸಪ್ತಾಪುರದಲ್ಲಿ ನಾನು ಬಿಸಿಎ ಹುಡುಗರಿಗೆ ಸಿ ಭಾಷೆ ಹೇಳಿಕೊಡುತ್ತೇನೆ. ಅವರ ಲ್ಯಾಬ್ ಪರೀಕ್ಷೆ ಇನ್ನೂ ಟರ್ಬೊ ಸಿ ಪ್ಲಸ್ ಪ್ಲಸ್‌ನಲ್ಲೇ ನಡೆಯುತ್ತದೆ. ಸಿ ಪ್ರೋಗ್ರಾಂ ಬರೆದು ರನ್ ಮಾಡುವ ಈ ಹಳೆಯ ಸಾಫ್ಟ್‌ವೇರನ್ನು ನಾವು ಟರ್ಬೊ ಸಿ ಅಂತಲೇ ಕರೆಯುತ್ತೇವೆ. ಬೋರ್ಲೆಂಡ್ ಕಂಪನಿ ಇದರ ಮೊದಲ ಆವೃತ್ತಿ ತಂದದ್ದು 1990ರಲ್ಲಿ, ಡಾಸ್ ಎಂಬ ಹಳೆಯ ಆಪರೇಟಿಂಗ್ ಸಿಸ್ಟಂ ಕಾಲದಲ್ಲಿ. ಇಂದಿನ 64 ಬಿಟ್ ವಿಂಡೋಸ್‌ನಲ್ಲಿ 16 ಬಿಟ್ ಡಾಸ್ ಪ್ರೋಗ್ರಾಂ ನಡೆಸುವ ಭಾಗವೇ ಇಲ್ಲ. ಅದಕ್ಕೆ ವಿಂಡೋಸ್ ಒಳಗೇ ಡಾಸ್‌ನಂತೆ ನಡೆಯುವ ಡಾಸ್‌ಬಾಕ್ಸ್ ಎಂಬ ಪ್ರೋಗ್ರಾಂ ಬೇಕು. ಆದರೆ ಶನಿವಾರ ಗದಗಕ್ಕೋ ಹಾವೇರಿಗೋ ಊರಿಗೆ ಹೋದ ಹುಡುಗ ಯಾರದೋ ಲ್ಯಾಪ್‌ಟಾಪ್‌ನಲ್ಲಿ ಪ್ರಾಕ್ಟೀಸ್ ಮಾಡಬೇಕು. ಅಲ್ಲಿ ಇನ್‌ಸ್ಟಾಲ್ ಮಾಡಲು ಹೋದರೆ ಅಡ್ಮಿನ್ ಪಾಸ್‌ವರ್ಡ್ ಕೇಳುತ್ತದೆ. ಹಾಗಾಗಿ ಡಾಸ್‌ಬಾಕ್ಸ್, ಅದು ನಡೆಯಲು ಬೇಕಾದ ಡಿಎಲ್‌ಎಲ್ ಫೈಲುಗಳು, ಟರ್ಬೊ ಸಿ ಇರುವ ಟಿಸಿ ಫೋಲ್ಡರ್ ಎಲ್ಲವನ್ನೂ ಪೆನ್‌ಡ್ರೈವ್‌ನ ಒಂದೇ ಫೋಲ್ಡರ್‌ಗೆ ಹಾಕಿಕೊಟ್ಟೆ.

ತೊಡಕಿರುವುದು ಡ್ರೈವ್ ಅಕ್ಷರದಲ್ಲಿ. ಪೆನ್‌ಡ್ರೈವ್ ಒಂದು ಕಡೆ ಇ ಆಗುತ್ತದೆ, ಇನ್ನೊಂದು ಕಡೆ ಜಿ. ಟರ್ಬೊ ಸಿ ಮಾತ್ರ ತನ್ನ ಇನ್‌ಕ್ಲೂಡ್, ಲಿಬ್ ಫೋಲ್ಡರ್‌ಗಳ ಪೂರ್ತಿ ಪಾತ್, ಅಂದರೆ ಡ್ರೈವ್ ಅಕ್ಷರ ಸೇರಿದ ವಿಳಾಸ, ಬರೆದಿಟ್ಟುಕೊಂಡಿರುತ್ತದೆ. ಡಾಸ್‌ಬಾಕ್ಸ್‌ನ ಕಾನ್ಫಿಗ್ ಫೈಲಿನ ಕೊನೆಗೆ ಆಟೋಎಕ್ಸೆಕ್ ಎಂಬ ಭಾಗವಿದೆ; ಅಲ್ಲಿ ಬರೆದ ಆದೇಶಗಳು ಡಾಸ್‌ಬಾಕ್ಸ್ ತೆರೆದ ಕೂಡಲೇ ನಡೆಯುತ್ತವೆ. ಅಲ್ಲಿ ‘ಮೌಂಟ್ ಸಿ’ ಎಂದು ಬರೆದು ಮುಂದೆ ಒಂದು ಚುಕ್ಕೆ ಇಟ್ಟೆ. ಚುಕ್ಕೆ ಅಂದರೆ ಈಗಿರುವ ಫೋಲ್ಡರ್. ಹೊರಗೆ ಅಕ್ಷರ ಯಾವುದೇ ಇರಲಿ, ಒಳಗೆ ಅದು ಯಾವಾಗಲೂ ಸಿ ಡ್ರೈವ್. ಗ್ರಾಫಿಕ್ಸ್ ಪ್ರೋಗ್ರಾಂನಲ್ಲಿ ಕೊಟ್ಟ ಬಿಜಿಐ (ಟರ್ಬೊ ಸಿಯ ಗ್ರಾಫಿಕ್ಸ್ ಫೈಲುಗಳ ಫೋಲ್ಡರ್) ಪಾತ್ ಕೂಡ ತಪ್ಪುವುದಿಲ್ಲ. ಇಡೀ ಕೆಲಸ ನಿಂತಿರುವುದು ಈ ಒಂದು ಚುಕ್ಕೆಯ ಮೇಲೆ. ಇದೇ ಕಾನ್ಫಿಗ್ ಫೈಲಿನ ಹೆಸರು ಹೇಳಿ ಡಾಸ್‌ಬಾಕ್ಸ್ ತೆರೆಯುವ ಚಿಕ್ಕ ಬ್ಯಾಚ್ ಫೈಲ್ ಒಂದನ್ನೂ ಪಕ್ಕದಲ್ಲೇ ಇಟ್ಟೆ.

ಮರುವಾರ ಒಬ್ಬ ಹುಡುಗಿ ಬಂದು, “ಸರ್, ಕಂಟ್ರೋಲ್ ಎಫ್9 ಒತ್ತಿದ್ರ ಎಲ್ಲಾ ಬಂದ್ ಆಗ್ತದರೀ” ಅಂದಳು. ನಿಜ. ಟರ್ಬೊ ಸಿಯಲ್ಲಿ ಆ ಕೀಲಿ ಪ್ರೋಗ್ರಾಂ ರನ್ ಮಾಡಲು, ಡಾಸ್‌ಬಾಕ್ಸ್‌ನಲ್ಲಿ ಅದೇ ಕೀಲಿ ಡಾಸ್‌ಬಾಕ್ಸನ್ನೇ ಮುಚ್ಚಲು! ಸೇವ್ ಮಾಡದ್ದೆಲ್ಲ ಹೋಗುತ್ತದೆ. ಕಂಟ್ರೋಲ್ ಎಫ್1 ಒತ್ತಿ ಯಾವ ಕೀಲಿಗೆ ಯಾವ ಕೆಲಸ ಎಂದು ತೋರಿಸುವ ಕೀ ಮ್ಯಾಪರ್ ತೆರೆದು ಆ ಜೋಡಣೆ ತೆಗೆದೆ. ಮ್ಯಾಪರ್ ಫೈಲ್ ಕೂಡ ಪೆನ್‌ಡ್ರೈವ್‌ನಲ್ಲೇ ಉಳಿಯುವಂತೆ ಕಾನ್ಫಿಗ್‌ನಲ್ಲಿ ಹೆಸರು ಬರೆಯಬೇಕು. ಇಲ್ಲದಿದ್ದರೆ ಬೇರೆ ಕಂಪ್ಯೂಟರ್‌ನಲ್ಲಿ ಮತ್ತೆ ಅದೇ ಗೋಳು.

ಫೈಲ್ ಹೆಸರು ಎಂಟು ಅಕ್ಷರ ಮೀರದಿರಲಿ. ಹೊರಗಿನಿಂದ ಹೊಸ ಫೈಲ್ ಹಾಕಿದರೆ ಕಂಟ್ರೋಲ್ ಎಫ್4 ಒತ್ತಿ, ಆಗ ಒಳಗೆ ಕಾಣುತ್ತದೆ. ಡಾಸ್‌ಬಾಕ್ಸ್‌ನ ಅಧಿಕೃತ ಆವೃತ್ತಿಯಿಂದ ಪ್ರಿಂಟ್ ಬರುವುದಿಲ್ಲ. ಜರ್ನಲ್‌ಗೆ ಬೇಕಾದ ಪ್ರೋಗ್ರಾಂಗಳನ್ನು ನಮ್ಮ ಹುಡುಗರು ವಿಂಡೋಸ್‌ನ ನೋಟ್‌ಪ್ಯಾಡ್‌ನಲ್ಲಿ ತೆರೆದು ಪ್ರಿಂಟ್ ತೆಗೆಯುತ್ತಾರೆ.